ಕಫಾಅತ್ ಎಂಬ ಸಮಾನತೆ: 1904ರ ಕೈರೋ ವಿವಾಹವ್ಯಾಜ್ಯ

ಮುಸ್ಲಿಮರ ವಿವಾಹದಲ್ಲಿ ಅನುರಾಗಕ್ಕೂ ಸಂಪ್ರದಾಯಕ್ಕೂ ಉಂಟಾಗುವ ವಿರೋಧವನ್ನು ಕುರಿತು ಬರೆಯುವವರು ಧರ್ಮಶಾಸ್ತ್ರವನ್ನು ಒಂದು ಕಡೆಯಲ್ಲಿಯೂ ಹೊಸ ಭಾವನೆಯನ್ನು ಇನ್ನೊಂದು ಕಡೆಯಲ್ಲಿಯೂ ನಿಲ್ಲಿಸುವುದು ವಾಡಿಕೆಯಾಗಿದೆ. ಈ ವಿಭಾಗವು ಎಷ್ಟು ದುರ್ಬಲವಾದುದೆಂಬುದನ್ನು 1904ನೆಯ ಇಸವಿಯಲ್ಲಿ ಕೈರೋ ನಗರದ ನ್ಯಾಯಸ್ಥಾನದ ಮುಂದೆ ಬಂದ ಒಂದು ವ್ಯಾಜ್ಯದಿಂದ ತಿಳಿಯಬಹುದು.

ಅಲಿ ಯೂಸುಫನು ಮೇಲಣ ಈಜಿಪ್ಟಿನ ಬಡ ಮನೆಯಲ್ಲಿ ಹುಟ್ಟಿ, ಅಲ್-ಅಝ್ಹರಿನಲ್ಲಿ ಓದಿ, 1889ರಲ್ಲಿ 'ಅಲ್-ಮುಅಯ್ಯದ್' ಪತ್ರಿಕೆಯನ್ನು ಸ್ಥಾಪಿಸಿ, ಖದೀವ ಅಬ್ಬಾಸ್ ಹಿಲ್ಮಿಯ ವಿಶ್ವಾಸವನ್ನು ಗಳಿಸಿದವನು. ಸಫಿಯ್ಯಾ ಎಂಬವಳು ಪ್ರವಾದಿಯ ವಂಶದವರೆಂದು ಮಾನ್ಯರಾದ ಸಾದಾತ್ ಮನೆತನದ ಶೇಖನ ಮಗಳು. ತಂದೆಯು ವಿವಾಹನಿಶ್ಚಯಕ್ಕೆ ಒಪ್ಪಿದ್ದರೂ ಮದುವೆಯನ್ನು ಮುಂದೂಡುತ್ತಲೇ ಬಂದನು. ಕಡೆಗೆ ಅವನಿಗೆ ತಿಳಿಸದೆಯೇ ಇವರಿಬ್ಬರ ನಿಕಾಹ್ ನಡೆಯಿತು. ತಂದೆಯು ಅದನ್ನು ರದ್ದುಗೊಳಿಸಬೇಕೆಂದು ಫಿರ್ಯಾದು ಹೂಡಿದನು.

ಇಲ್ಲಿ ವಿಚಾರಣೀಯವಾದುದು ಹನಫೀ ಮತದ ನಿಯಮ. ಪ್ರಾಪ್ತವಯಸ್ಕಳಾದ ಹೆಣ್ಣು ಪೋಷಕನ ಅಪ್ಪಣೆಯಿಲ್ಲದೆ ತಾನೇ ವಿವಾಹದ ಕರಾರನ್ನು ಮಾಡಿಕೊಳ್ಳಬಹುದೆಂದು ಆ ಮತವು ಹೇಳುತ್ತದೆ. (ನಮ್ಮ ದಕ್ಷಿಣ ಕನ್ನಡದ ಬ್ಯಾರಿಗಳೂ ಭಟ್ಕಳದ ನವಾಯತರೂ ಬಹುಮಟ್ಟಿಗೆ ಅನುಸರಿಸುವ ಶಾಫಿಈ ಮತದಲ್ಲಿ ಪೋಷಕನಿಲ್ಲದೆ ನಿಕಾಹ್ ಸಾಧುವಾಗದು.) ಆದರೆ ವರನು ವಧುವಿಗೆ ಸಮಾನನಲ್ಲದಿದ್ದರೆ ಪೋಷಕನು ಆಕ್ಷೇಪಿಸಬಹುದೆಂದೂ ಅದೇ ಮತವು ವಿಧಿಸುತ್ತದೆ. ಇದೇ ಕಫಾಅತ್. ವಂಶ, ಧರ್ಮನಿಷ್ಠೆ, ಐಶ್ವರ್ಯ, ವೃತ್ತಿ ಮೊದಲಾದುವು ಅದರ ಅಳತೆಗಳು. ಆದುದರಿಂದ ಮಗಳು ಅವಲಂಬಿಸಿದುದೂ ಶಾಸ್ತ್ರವೇ, ತಂದೆ ಅವಲಂಬಿಸಿದುದೂ ಶಾಸ್ತ್ರವೇ.

ವೃತ್ತಿಯ ಪ್ರಶ್ನೆಯೇ ಈ ವ್ಯಾಜ್ಯದ ಅತ್ಯಂತ ಕುತೂಹಲಕರವಾದ ಭಾಗ. ಪ್ರಾಚೀನ ಗ್ರಂಥಗಳು ನೇಕಾರ, ಕಸಗುಡಿಸುವವ, ಚರ್ಮ ಹದಮಾಡುವವ ಇವರನ್ನು ಕೀಳು ವೃತ್ತಿಯವರೆಂದು ಎಣಿಸಿದ್ದುವು. ಪತ್ರಿಕಾಕರ್ತನನ್ನು ಅವು ಕಂಡೇ ಇರಲಿಲ್ಲ. ಪತ್ರಿಕೆ ನಡೆಸುವುದು ಹೀನವೃತ್ತಿಯೆಂಬ ವಾದವನ್ನು ತಂದೆಯ ಪಕ್ಷದವರು ಹೂಡಿದರು. ಅಲಿ ಯೂಸುಫನು ತಾನೂ ಪ್ರವಾದಿಯ ವಂಶದವನೆಂದು ವಂಶಾವಳಿಯನ್ನು ತೋರಿಸಿದನು. ಹೊಸ ಕಾಲದ ಪತ್ರಕರ್ತನು ಹಳೆಯ ಅಳತೆಯನ್ನು ಅಲ್ಲಗಳೆಯದೆ ಅದರಲ್ಲಿಯೇ ತೂಗಿಸಿಕೊಳ್ಳಲು ಯತ್ನಿಸಿದುದು ನನಗೆ ಅರ್ಥಗರ್ಭಿತವಾಗಿ ತೋರುತ್ತದೆ. ಇನ್ನು ಮುಸ್ತಫಾ ಕಾಮಿಲನ 'ಅಲ್-ಲಿವಾ' ಪತ್ರಿಕೆಯು ತನ್ನ ವೃತ್ತಿಬಾಂಧವನ ಮೇಲೆಯೇ ಎರಗಿತು. ಅದಕ್ಕೆ ರಾಜಕೀಯ ಸ್ಪರ್ಧೆಯೂ ಕಾರಣವಾಗಿದ್ದಿತು.

ಐದು ವರ್ಷಗಳ ಹಿಂದೆ, 1899ರಲ್ಲಿ, ಕಾಸಿಮ್ ಅಮೀನನು 'ತಹ್ರೀರ್ ಅಲ್-ಮರ್‌ಅಃ' ಎಂಬ ಗ್ರಂಥವನ್ನು ಪ್ರಕಟಿಸಿದ್ದನು. ಶಾಸ್ತ್ರಕಾರರು ವಿವಾಹವನ್ನು ದೇಹಸಂಬಂಧದ ಹಕ್ಕಿನ ಕರಾರಾಗಿ ಮಾತ್ರ ನಿರೂಪಿಸಿದರೆಂದೂ, ಕುರಾನು ಹೇಳುವ ಪ್ರೀತಿ ಕಾರುಣ್ಯಗಳನ್ನು ಮರೆತರೆಂದೂ ಅವನ ಆಕ್ಷೇಪ. ಇಂತಹ ವಾದಕ್ಕೆ ನ್ಯಾಯಸ್ಥಾನದಲ್ಲಿ ಎಡೆ ದೊರೆಯಲಿಲ್ಲ. ಸಫಿಯ್ಯಾ ತಂದೆಯ ಮನೆಗೆ ಹಿಂದಿರುಗಲೊಲ್ಲದೆ, ವಿಚಾರಣೆ ಮುಗಿಯುವವರೆಗೆ ಒಬ್ಬ ವಿದ್ವಾಂಸನ ಮನೆಯಲ್ಲಿದ್ದಳು. ಅವಳ ಅನುರಾಗವನ್ನು ಅಳೆಯಲು ಆ ಆರು ಅಂಶಗಳಲ್ಲಿ ಒಂದೂ ಇರಲಿಲ್ಲ.

ನ್ಯಾಯಾಧಿಪತಿ ಅಹ್ಮದ್ ಅಬೂ ಖತ್ವಾನು ವಿವಾಹವನ್ನು ರದ್ದುಗೊಳಿಸಿದನು. ಮೇಲ್ಮನವಿಯಲ್ಲಿಯೂ ಅದೇ ತೀರ್ಪು ಸ್ಥಿರವಾಯಿತು. ಆದರೆ ಕಫಾಅತ್ತಿನ ಆಕ್ಷೇಪವು ಪೋಷಕನ ಹಕ್ಕು; ಅದನ್ನು ಅವನು ಬಿಟ್ಟುಕೊಡಲೂಬಹುದು. ಕೆಲಕಾಲದ ಮೇಲೆ ತಂದೆಯು ಸಮಾಧಾನಗೊಂಡು ಸಮ್ಮತಿಸಿದನು. ಅದೇ ವಂಶದ, ಅದೇ ವೃತ್ತಿಯ ಅದೇ ವರನಿಗೆ ಸಫಿಯ್ಯಾಳೊಡನೆ ಮತ್ತೊಮ್ಮೆ ನಿಕಾಹ್ ಆಯಿತು.