ಬೆಳಕಿನ ಹೊಣೆ

ಬೆಳಕು ನೆರಳುಗಳನ್ನು ಹದಗೊಳಿಸಿ ಚಲನಚಿತ್ರಕ್ಕೆ ಜೀವ ತುಂಬುವವನು ಛಾಯಾಗ್ರಾಹಕ. 1906ರಲ್ಲಿ ಜನಿಸಿದ ಜರ್ಮನಿಯ ಫ್ರೀಡ್ಲ್ ಬೆಹ್ನ್-ಗ್ರುಂಡ್ ಮೂಕಚಿತ್ರಗಳ ಕಾಲದಲ್ಲಿಯೇ ಈ ಕಲೆಯಲ್ಲಿ ಪಳಗಿದನು.

1941ರಲ್ಲಿ ಈತನು 'ನಾನು ಆರೋಪಿಸುತ್ತೇನೆ' ಎಂಬ ಚಿತ್ರಕ್ಕೆ ಛಾಯಾಗ್ರಹಣ ಮಾಡಿದನು. ನಾಜಿ ಸರ್ಕಾರವು ರೋಗಿಗಳನ್ನೂ ಅಂಗವಿಕಲರನ್ನೂ ಕೊಲ್ಲಿಸುತ್ತಿದ್ದ ಕಾಲವದು. ಅಂತಹ ಹತ್ಯೆಯನ್ನು ದಯೆಯೆಂದು ಜನರು ನಂಬುವಂತೆ ಮಾಡುವುದೇ ಆ ಚಿತ್ರದ ಉದ್ದೇಶವಾಗಿತ್ತು.

ಯುದ್ಧವು ಮುಗಿದ ಮೇಲೆ, 1946ರಲ್ಲಿ, ಓಯ್ಗೆನ್ ಕ್ಲಾಗೆಮನ್ನನೊಡನೆ ಈತನು 'ಕೊಲೆಗಾರರು ನಮ್ಮ ನಡುವೆಯೇ ಇದ್ದಾರೆ' ಎಂಬ ಚಿತ್ರವನ್ನು ಸೆರೆಹಿಡಿದನು. ಬರ್ಲಿನ್ ನಗರದ ಹಾಳುಗೋಡೆಗಳ ನಡುವೆ ನಡೆಯುವ ಈ ಕಥೆಯು, ನಿರಪರಾಧಿಗಳನ್ನು ಕೊಲ್ಲಿಸಿದವರನ್ನು ನ್ಯಾಯಾಲಯಕ್ಕೆ ಒಪ್ಪಿಸಬೇಕೆಂದು ಸಾರಿತು.

ಎರಡೂ ಚಿತ್ರಗಳಲ್ಲಿ ದುಡಿದ ಕೈ ಒಂದೇ. ಒಮ್ಮೆ ಅದು ಸುಳ್ಳನ್ನು ಸುಂದರಗೊಳಿಸಿತು. ಮತ್ತೊಮ್ಮೆ ಸತ್ಯವನ್ನು ಬೆಳಗಿತು. ಕಲೆಯಲ್ಲಿ ನೈಪುಣ್ಯವಷ್ಟೇ ಸಾಲದು. ಅದು ಯಾರ ಸೇವೆಗೆ ಸಲ್ಲುತ್ತಿದೆಯೆಂಬ ವಿವೇಕವೂ ಕಲಾವಿದನಲ್ಲಿರಬೇಕು.