ಲೋಕಪಾವನಿ: ಖರಾಬು ಲೆಕ್ಕಕ್ಕೆ ಸೇರಿದ ಹೊಳೆ

ಬೆಂಗಳೂರಿನಿಂದ ಮೈಸೂರಿಗೆ ಹೊರಟವರಿಗೆ ಶ್ರೀರಂಗಪಟ್ಟಣ ಸಮೀಪಿಸಿತೆಂಬ ಮೊದಲ ಸೂಚನೆ ಎಡಗಡೆ ಕಾಣುವ ಕರಿಘಟ್ಟ. ಬಾಬುರಾಯನಕೊಪ್ಪಲು ಬರುವ ಹೊತ್ತಿಗೆ ಬೆಟ್ಟದ ನೆತ್ತಿಯ ಶ್ರೀನಿವಾಸನ ಗುಡಿ ಕಣ್ಣಿಗೆ ಬಿದ್ದಿರುತ್ತದೆ. ಮನಸ್ಸು ಆಗಲೇ ಮುಂದಿನ ಕಾವೇರಿ ಸೇತುವೆಯ ಕಡೆಗೆ ಓಡಿರುತ್ತದೆ. ಆ ಬೆಟ್ಟದ ಬುಡವನ್ನು ಬಳಸಿಕೊಂಡು ಬಂದು ಕಾವೇರಿಗೆ ಕೂಡಿಕೊಳ್ಳುವ ಇನ್ನೊಂದು ನೀರು ಅಲ್ಲಿದೆ ಎಂಬುದು ಹೆಚ್ಚಿನವರ ಗಮನಕ್ಕೆ ಬರುವುದಿಲ್ಲ. 2023ರ ಮಾರ್ಚ್‌ನಲ್ಲಿ ಹೊಸ ದಶಪಥ ಉದ್ಘಾಟನೆಯಾದ ಮೇಲಂತೂ ನಿಧಾನಿಸಿ ನೋಡುವ ಸಂದರ್ಭವೇ ಉಳಿದಿಲ್ಲ. ಆ ನೀರಿನ ಹೆಸರು ಲೋಕಪಾವನಿ.

ಒಂದು ಕಾಲಕ್ಕೆ ಇದನ್ನು ಬಲು ಎಚ್ಚರಿಕೆಯಿಂದ ಗಮನಿಸಿದವರು ಇದ್ದರು. 1792ರ ಫೆಬ್ರುವರಿಯಲ್ಲಿ ಕಾರ್ನ್‌ವಾಲಿಸ್ ಟಿಪ್ಪುವಿನ ರಾಜಧಾನಿಯ ಮೇಲೆ ಏರಿ ಬಂದಾಗ ಕರಿಘಟ್ಟವೂ ಅದರ ಪಕ್ಕದ ಈ ಹೊಳೆಯೂ ಇಂಗ್ಲಿಷ್ ಸೇನಾಧಿಕಾರಿಗಳ ನಕ್ಷೆಗಳಲ್ಲಿ ಸ್ಥಾನ ಪಡೆದವು. ಅವರ ಬರಹಗಳಲ್ಲಿ ಇದು ‘ಲೋಕಾನಿ’. ಯುದ್ಧ ಮುಗಿಯಿತು, ಹೊಳೆಯ ಮಹತ್ವವೂ ಮುಗಿಯಿತು.

ಇಂಥ ಕಿರುಹೊಳೆಗಳ ಬಗ್ಗೆ ಇಂಗ್ಲಿಷರಿಗೆ ಇರುವ ಅಕ್ಕರೆ ವಿಶೇಷವಾದದ್ದು. ಅವರ ನಾಡಿನಲ್ಲಿ ಟ್ರೌಟ್ ಮೀನಿರುವ ತೊರೆಯೊಂದರ ತಿರುವು ತಿರುವಿಗೂ ಪುಸ್ತಕಗಳುಂಟು. ಆ ಮೋಹವನ್ನು ಅವರು ನೀಲಗಿರಿಗೂ ಹೊತ್ತು ತಂದರು. ಅಲ್ಲಿನ ತಣ್ಣನೆಯ ಹಳ್ಳಗಳಲ್ಲಿ ಟ್ರೌಟ್ ಬಿತ್ತಲು 19ನೇ ಶತಮಾನದಿಂದಲೇ ಹೆಣಗಿ, ಕೊನೆಗೆ 20ನೇ ಶತಮಾನದ ಆರಂಭದಲ್ಲಿ ಅವಲಾಂಚಿಯಲ್ಲಿ ಮರಿಮನೆ ಕಟ್ಟಿ ಗೆದ್ದರು. ಬಯಲುಸೀಮೆಯ ಬೆಚ್ಚಗಿನ ನೀರಿನಲ್ಲಿ ಟ್ರೌಟ್ ಬದುಕಲಾರದು. ಹಾಗೆಂದು ನಮ್ಮ ಹಳ್ಳಗಳು ಬರಿದೇನಲ್ಲ. ಅವುಗಳ ಕುರಿತು ಬರೆದವರು ಕಡಿಮೆ, ಅಷ್ಟೆ.

ಲೋಕಪಾವನಿ ನಾಗಮಂಗಲ ತಾಲ್ಲೂಕಿನಲ್ಲಿ ಹುಟ್ಟಿ, ಪಾಂಡವಪುರದ ಸೀಮೆಯನ್ನು ಹಾದು, ತೆಂಕಣಕ್ಕೆ ಹರಿದು ಶ್ರೀರಂಗಪಟ್ಟಣದ ಬಳಿ ಕಾವೇರಿಯನ್ನು ಸೇರುತ್ತದೆ. ಮೇಲಿನ ಭಾಗ ಬೆಣಚುಕಲ್ಲು, ಕುರುಚಲು ಕಾಡು, ರಾಗಿ ಹೊಲಗಳ ಒಣನೆಲ. ಬೇಸಿಗೆಯಲ್ಲಿ ಅಲ್ಲಿ ಹೊಳೆಯೆಂದರೆ ಮರಳಿನ ಒಂದು ಪಟ್ಟಿ, ನಡುನಡುವೆ ಎಮ್ಮೆ ಮುಳುಗುವಷ್ಟು ಗುಂಡಿಗಳು. ಕೆಳಗಿಳಿದಂತೆ ನೋಟ ಬದಲಾಗುತ್ತದೆ. 1930ರ ದಶಕದಲ್ಲಿ ಇರ್ವಿನ್ ನಾಲೆ, ಅಂದರೆ ಇಂದಿನ ವಿಶ್ವೇಶ್ವರಯ್ಯ ನಾಲೆ, ಈ ಸೀಮೆಯನ್ನು ಹಸಿರಾಗಿಸಿತು. ಭತ್ತ ಮತ್ತು ಕಬ್ಬಿನ ಗದ್ದೆಗಳಿಂದ ಬಸಿಗಾಲುವೆಗಳಲ್ಲಿ ಇಳಿದ ನೀರು ಹೊಳೆಯ ತಗ್ಗಿಗೆ ಸೇರುತ್ತದೆ. ಹೀಗಾಗಿ ಒಂದೇ ಹೊಳೆಗೆ ಎರಡು ಬಾಳು: ಮೇಲೆ ಮಳೆಯನ್ನೇ ನಂಬಿದ ಹಳ್ಳ, ಕೆಳಗೆ ನಾಲೆಯ ಋಣದಲ್ಲಿರುವ ತೊರೆ.

ಇದರ ಪಂಚಾಂಗವೂ ಕಾವೇರಿಯದಲ್ಲ. ಕಾವೇರಿ ಉಕ್ಕುವುದು ಜುಲೈ–ಆಗಸ್ಟ್‌ನಲ್ಲಿ, ಕೊಡಗಿನ ಮುಂಗಾರಿಗೆ. ಮಳೆನೆರಳಿನ ನಾಗಮಂಗಲದಲ್ಲಿ ಆ ತಿಂಗಳುಗಳು ಬರೀ ತುಂತುರಿನಲ್ಲಿ ಕಳೆಯುತ್ತವೆ. ಅಲ್ಲಿ ದೊಡ್ಡ ಮಳೆ ಬರುವುದು ಮೇ ತಿಂಗಳ ಗುಡುಗಿನಲ್ಲಿ, ಆಮೇಲೆ ಸೆಪ್ಟೆಂಬರ್–ಅಕ್ಟೋಬರ್‌ನಲ್ಲಿ. ಕಾವೇರಿಯ ಕೆಂಪು ಇಳಿದು ನೀರು ತಿಳಿಯಾಗುವ ಹೊತ್ತಿಗೆ ಲೋಕಪಾವನಿ ಕೆಂಪಾಗಿ ಬರುತ್ತದೆ. ಕರಿಘಟ್ಟದ ಮೆಟ್ಟಿಲ ಮೇಲೆ ನಿಂತು ಈ ಎರಡು ಬಣ್ಣಗಳನ್ನು ನೋಡುವುದು ನನಗೆ ಗುಡಿಯ ದರ್ಶನದಷ್ಟೇ ಇಷ್ಟವಾದ ಕೆಲಸ.

ಇದು ಕಣ್ಣಿಗೆ ಹಬ್ಬವಾಗುವ ಸಂಗತಿಯಷ್ಟೇ ಆಗಿದ್ದರೆ ಇಷ್ಟು ಹೇಳಬೇಕಿರಲಿಲ್ಲ. ಕನ್ನಂಬಾಡಿ ಕಟ್ಟೆ 1930ರ ದಶಕದ ಆರಂಭದಲ್ಲಿ ಪೂರ್ಣಗೊಂಡಾಗಿನಿಂದ ಶ್ರೀರಂಗಪಟ್ಟಣದ ಕಾವೇರಿ ಗೇಟುಗಳು ಹೇಳಿದಂತೆ ಹರಿಯುವ ನದಿ. ನೀರು ಏರುವುದು ಇಳಿಯುವುದು ಮಳೆಯ ಇಚ್ಛೆಯೊಂದರಿಂದಲೇ ಆಗುವುದಿಲ್ಲ. ಅಚ್ಚುಕಟ್ಟಿನ ವೇಳಾಪಟ್ಟಿ, ನ್ಯಾಯಾಲಯಗಳ ಆದೇಶ ಎಲ್ಲವೂ ಅದರಲ್ಲಿ ಸೇರಿವೆ. ಮೀನುಗಳಿಗೆ ಈ ವ್ಯವಹಾರ ತಿಳಿಯದು. ನಮ್ಮ ಹೊಳೆಮೀನುಗಳಲ್ಲಿ ಅನೇಕವು ಹೊಸನೀರಿನ ತಂಪು, ಕೆಸರು, ರಭಸಗಳನ್ನೇ ಕರೆಯೋಲೆ ಎಂದು ತಿಳಿದು ಮೊಟ್ಟೆಯಿಡಲು ಮೇಲೇರುತ್ತವೆ. ಮಲೆನಾಡಿನವರು ‘ಹತ್ತುಮೀನು’ ಎನ್ನುವುದು ಇವನ್ನೇ. ಮೇಲಕ್ಕೆ ಹೋಗೋಣವೆಂದರೆ ಕಟ್ಟೆ ಅಡ್ಡ ನಿಂತಿದೆ. ಉಳಿದದ್ದು ಪಕ್ಕದಿಂದ ಬಂದು ಸೇರುವ ಇಂಥ ತೊರೆಗಳು. ಮೇಲಿನ ಕೆರೆಗಳು ತುಂಬಿ ಕೋಡಿ ಬಿದ್ದರೆ ಲೋಕಪಾವನಿಯಲ್ಲಿ ಈಗಲೂ ಮುಗಿಲಿನ ಗಡಿಯಾರದಂತೆ ನೀರು ಬರುತ್ತದೆ.

ನದಿಗೆ ಹೋಲಿಸಿದರೆ ತೊರೆಯ ಮೀನು ಸಣ್ಣದು. ಬೆರಳುದ್ದದ ಗೆಂಡೆಗಳು, ಕಲ್ಲಿನ ಸಂದಿಯಲ್ಲಿ ಅಡಗುವ ಮೀಸೆಮೀನು, ಕೆಸರಿನಲ್ಲಿ ಹಾವುಮೀನು. ಇವುಗಳ ನಡುವೆ ಗೌರವಕ್ಕೆ ಪಾತ್ರವಾಗಬೇಕಾದದ್ದು ಕೊರವ. ನೀರಿನಲ್ಲಿ ಆಮ್ಲಜನಕ ಕುಗ್ಗಿದರೆ ಮೇಲೆ ಬಂದು ಗಾಳಿಯನ್ನೇ ನುಂಗುವ ಈ ಮೀನು ಬೇಸಿಗೆಯ ಗುಂಡಿಯಲ್ಲೂ ಬದುಕಿಕೊಳ್ಳುತ್ತದೆ. ಮೊಟ್ಟೆಯೊಡೆದ ಮೇಲೆ ಕೆಂಪು ಮುದ್ದೆಯಂತೆ ತೇಲುವ ಮರಿಗಳ ಕೆಳಗೆ ತಾಯ್ತಂದೆಗಳು ಕಾವಲಿರುತ್ತವೆ. ಆ ಹೊತ್ತಿನಲ್ಲಿ ಗಾಳ ಹಾಕುವುದನ್ನು ಬೇಟೆಯೆನ್ನಲು ನನಗೆ ಮನಸ್ಸಿಲ್ಲ. ಈಚಿನ ದಶಕಗಳಲ್ಲಿ ಎಲ್ಲೆಡೆ ತುಂಬಿಕೊಂಡಿರುವ ‘ಜಿಲೇಬಿ’, ಅಂದರೆ ಆಫ್ರಿಕಾ ಮೂಲದ ತಿಲಾಪಿಯಾ, ಇಂಥ ನೀರಿನ ಹಳೆಯ ಮೀನುಗಳ ಜಾಗವನ್ನು ಒತ್ತುತ್ತಿದೆ.

ಕಾವೇರಿ ಕಣಿವೆಗೇ ವಿಶಿಷ್ಟವಾದ ಗೂನುಬೆನ್ನಿನ ಮಹಶೀರ್ ಮೀನಿನ ಕಥೆಯನ್ನೂ ಇಲ್ಲಿ ನೆನೆಯಬೇಕು. ಮಣಭಾರ ತೂಗುತ್ತಿದ್ದ, ವಿದೇಶಿ ಗಾಳಗಾರರನ್ನು ನೂರು ವರ್ಷಕ್ಕೂ ಹೆಚ್ಚು ಕಾಲ ಸೆಳೆದ ಈ ಮೀನಿನ ವೈಜ್ಞಾನಿಕ ಹೆಸರು ಖಚಿತವಾದದ್ದೇ 2018ರಲ್ಲಿ. ಅದೇ ವರ್ಷ ಅದು ಅಳಿವಿನ ಅಂಚಿನ ಜೀವಿಗಳ ಪಟ್ಟಿಯ ತುತ್ತತುದಿಗೆ ಸೇರಿತು. ಅದು ಲೋಕಪಾವನಿಯಲ್ಲಿದೆ ಎಂದು ನಾನು ಹೇಳುತ್ತಿಲ್ಲ. ದೊಡ್ಡ ನದಿಯ ದೊಡ್ಡ ಮೀನಿಗೂ ಮರಿಗಾಲದಲ್ಲಿ ಬೇಕಾದದ್ದು ಕಲ್ಲು, ಮರಳು, ಹರಿಯುವ ತೆಳುನೀರು.

ದಡದಲ್ಲಿ ಹೊಳೆಮತ್ತಿ, ಹೊಂಗೆ, ನೇರಳೆ, ಅತ್ತಿ, ಲಕ್ಕಿಗಿಡಗಳು ತುಂಡುತುಂಡಾಗಿ ಉಳಿದಿವೆ. ಬಿಳಿತೊಗಟೆಯ ಹೊಳೆಮತ್ತಿಯ ಬೇರು ದಡವನ್ನು ಹಿಡಿದಿಟ್ಟಷ್ಟು ಬಲವಾಗಿ ಯಾವ ಸಿಮೆಂಟ್ ಗೋಡೆಯೂ ಹಿಡಿದಿಡದು. ನೀರಿನ ಮೇಲೆ ಚಾಚಿದ ಕೊಂಬೆಗಳಲ್ಲಿ ಗೀಜಗನ ಗೂಡುಗಳು ತೂಗುತ್ತವೆ. ಕಪ್ಪುಬಿಳುಪಿನ ಮಿಂಚುಳ್ಳಿ ಒಂದೆಡೆ ನಿಂತು ರೆಕ್ಕೆ ಬಡಿದು ನೆಟ್ಟನೆ ಧುಮುಕುತ್ತದೆ. ಬಾಯ್ಕಳಕ ಕೊಕ್ಕರೆಗಳು ಗದ್ದೆಯಂಚಿನಲ್ಲಿ ಬಸವನಹುಳು ಹೆಕ್ಕುತ್ತವೆ. ಮುಂಜಾನೆ ಬಂಡೆಯ ಮೇಲೆ ಮೀನಿನ ಹುರುಪೆ, ಏಡಿಚಿಪ್ಪುಗಳು ಬೆರೆತ ಹಿಕ್ಕೆ ಕಂಡರೆ ರಾತ್ರಿ ನೀರುನಾಯಿ ಹಾದುಹೋಗಿದೆಯೆಂದೇ ಅರ್ಥ.

ಈ ಹಕ್ಕಿಗಳೂ ನೀರುನಾಯಿಗಳೂ ಮೇಲ್ಗಡೆ, ಕೆಲವೇ ಕಿಲೋಮೀಟರ್ ದೂರದಲ್ಲಿ, ರಾಷ್ಟ್ರದ ಸೊತ್ತು. ಸಲೀಂ ಅಲಿಯವರ ಸಲಹೆಯಂತೆ ಮೈಸೂರು ಸಂಸ್ಥಾನ 1940ರಲ್ಲಿ ರಂಗನತಿಟ್ಟನ್ನು ಪಕ್ಷಿಧಾಮವೆಂದು ಘೋಷಿಸಿತು. 2022ರಲ್ಲಿ ಅದು ಕರ್ನಾಟಕದ ಮೊದಲ ರಾಮ್ಸರ್ ತಾಣವಾಯಿತು. ರಾಮ್ಸರ್ ದಾಖಲೆ ಅಲ್ಲಿ 69 ಬಗೆಯ ಮೀನುಗಳನ್ನು ಲೆಕ್ಕ ಹಾಕಿದೆ. ಸಂತೋಷ. ಆದರೆ ಮೀನಿಗೂ ಕೊಕ್ಕರೆಗೂ ಧಾಮದ ಗಡಿಕಲ್ಲು ಓದಲು ಬರುವುದಿಲ್ಲ.

ಕಾನೂನಿನ ಕಣ್ಣಿನಲ್ಲಿ ಲೋಕಪಾವನಿ ಏನು? 2017ರ ಕೇಂದ್ರ ಜೌಗುಪ್ರದೇಶ ಸಂರಕ್ಷಣಾ ನಿಯಮಗಳು ತಮ್ಮ ವ್ಯಾಖ್ಯೆಯಿಂದ ನದಿಪಾತ್ರಗಳನ್ನು ಹೊರಗಿಟ್ಟಿವೆ. ಕೆರೆಗಳಿಗೆ ನಮ್ಮ ರಾಜ್ಯದಲ್ಲಿ 2014ರಲ್ಲಿ ಪ್ರತ್ಯೇಕ ಕಾಯ್ದೆ ಬಂತು, ಹಳ್ಳಗಳಿಗೆ ಅಂಥದ್ದಿಲ್ಲ. ಕಂದಾಯ ದಾಖಲೆಯಲ್ಲಿ ಹಳ್ಳಕೊಳ್ಳಗಳು ದಾರಿ, ಸ್ಮಶಾನಗಳ ಜೊತೆ ‘ಬಿ ಖರಾಬು’ ಎನಿಸಿಕೊಂಡಿವೆ. ಸಾರ್ವಜನಿಕ ಉಪಯೋಗಕ್ಕೆ ಮೀಸಲು, ಬೇಸಾಯಕ್ಕೆ ಸಲ್ಲದ್ದು ಎಂಬುದು ಅದರ ಅರ್ಥ. ಒತ್ತುವರಿಯಿಂದ ಪಾರುಮಾಡಲು ಹೊರಟ ಪದವೇ ಜನರ ಬಾಯಲ್ಲಿ ‘ಕೆಟ್ಟ ಜಾಗ’ ಎಂದಾಗಿದೆ. ಕೆಟ್ಟ ಜಾಗಕ್ಕೆ ಊರಿನ ಚರಂಡಿ ಬಿಡುವುದು, ಕೋಳಿಯಂಗಡಿಯ ಕಸ ಸುರಿಯುವುದು, ಅಲ್ಲಿಂದ ಮರಳು ಎತ್ತುವುದು ಯಾರಿಗೂ ತಪ್ಪೆನಿಸುವುದಿಲ್ಲ. ಮರಳು ಹೋದರೆ ಗುಂಡಿಗಳಲ್ಲಿ ಬೇಸಿಗೆಗೆ ನೀರು ನಿಲ್ಲದು. ಚರಂಡಿ ಬಂದರೆ ನೀರಿನ ಮೇಲೆ ಅಂತರಗಂಗೆ ಹಾಸಿಕೊಳ್ಳುತ್ತದೆ. ಲೋಕವನ್ನು ಪಾವನಗೊಳಿಸುವ ಹೆಸರಿನ ಹೊಳೆ ಹೊತ್ತು ತಂದದ್ದನ್ನು ಕಾವೇರಿ ತಾಳಿಕೊಳ್ಳಬೇಕು.

ಇಲ್ಲಿ ಕೋಟಿಗಟ್ಟಲೆ ಹಣದ ‘ನದಿ ದಂಡೆ ಅಭಿವೃದ್ಧಿ’ ಬೇಡ. ಹಾಸುಗಲ್ಲು, ಬಣ್ಣದ ದೀಪಗಳಂತೂ ಬೇಡವೇ ಬೇಡ. ಸರ್ವೆ ಇಲಾಖೆ ಹಳೆಯ ಗ್ರಾಮನಕ್ಷೆ ಹಿಡಿದು ಎರಡೂ ದಡಗಳ ಗಡಿ ಗುರುತಿಸಲಿ. ಪಂಚಾಯಿತಿಗಳು ಚರಂಡಿಯನ್ನು ಹೊಳೆಗೆ ಬಿಡುವ ಮೊದಲು ಇಂಗುಗುಂಡಿಯಲ್ಲೋ ಜೊಂಡಿನ ಮಡುವಿನಲ್ಲೋ ತಡೆಯಲಿ. ಸಂಗಮದ ಮೇಲಿನ ಒಂದೆರಡು ಮೈಲಿಯಲ್ಲಾದರೂ ಹಿಂಗಾರಿನ ಹೊಸನೀರು ಬರುವ ವಾರಗಳಲ್ಲಿ ಬಲೆ, ಕೂಳಿ ಇಳಿಸದಿರುವ ಕಟ್ಟುಪಾಡನ್ನು ಊರವರೇ ಮಾಡಿಕೊಳ್ಳಲಿ. ಶೃಂಗೇರಿಯ ತುಂಗೆಯಲ್ಲಿ ಮಠದ ಮುಂದೆ ಮೀನು ಹಿಡಿಯಬಾರದೆಂಬ ಕಟ್ಟಳೆಯನ್ನು ಕಾಯುತ್ತಿರುವುದು ಪೊಲೀಸರೇನಲ್ಲ.

ಕಳೆದ ಬಾರಿ ಹೋದಾಗ ಹೊಳೆಮತ್ತಿಯೊಂದರ ಬುಡದ ಮಣ್ಣು ಅರ್ಧ ಕುಸಿದು ಬೇರು ಬಯಲಾಗಿತ್ತು. ಆ ಬೇರಿನ ಪೊಟರೆಯಲ್ಲಿ ತಿಳಿನೀರು ಅಂಗೈಯಗಲ ನಿಂತಿತ್ತು. ಅದರಲ್ಲಿ ಅಕ್ಕಿಕಾಳಿನಷ್ಟು ಮರಿಗಳು, ಎಲ್ಲವೂ ನೀರು ಬರುವ ದಿಕ್ಕಿಗೆ ತಲೆಮಾಡಿ ನಿಂತಿದ್ದವು.