ತುಟಿಯಂಚಿನ ಎಣ್ಣೆ: ಗೇರ್‌ಬಾಕ್ಸಿನ ಆಯಿಲ್ ಸೀಲ್ ಬದಲಿಸುವ ಮುನ್ನ

1983ರ ಡಿಸೆಂಬರಿನಲ್ಲಿ ರಸ್ತೆಗಿಳಿದ ಮಾರುತಿ 800ರ ತಯಾರಿಕೆ 2014ರ ಜನವರಿಯಲ್ಲಿ ನಿಂತಿತು. ಇವತ್ತು ಓಡಾಡುತ್ತಿರುವ ಈ ಗಾಡಿಗಳಲ್ಲಿ ತೀರ ಹೊಸದಕ್ಕೂ ಹತ್ತು ವರ್ಷ ದಾಟಿದೆ. ಎಂಜಿನ್ ಇನ್ನೂ ಗಟ್ಟಿಯಾಗಿದ್ದರೂ ರಬ್ಬರಿನ ಭಾಗಗಳಿಗೆ ಅಷ್ಟು ಆಯಸ್ಸಿಲ್ಲ. ನಿಲ್ಲಿಸಿದ ಜಾಗದಲ್ಲಿ, ಮುಂದಿನ ಚಕ್ರಗಳ ನಡುವೆ, ಅಂಗೈಯಗಲದ ಎಣ್ಣೆ ಕಲೆ ಕಾಣತೊಡಗಿದರೆ ಮೊದಲ ಅನುಮಾನ ಗೇರ್‌ಬಾಕ್ಸಿನ ಆಯಿಲ್ ಸೀಲಿನ ಮೇಲೆ ಹೋಗಬೇಕು.

ಈ ಗಾಡಿಯಲ್ಲಿ ಎಂಜಿನ್ನೂ ಗೇರ್‌ಬಾಕ್ಸೂ ಬಾನೆಟ್ಟಿನ ಕೆಳಗೆ ಅಡ್ಡಲಾಗಿ ಕೂತಿವೆ, ಡಿಫರೆನ್ಷಿಯಲ್ ಗೇರ್‌ಬಾಕ್ಸಿನ ಹೊಟ್ಟೆಯಲ್ಲೇ ಇದೆ. ಅಲ್ಲಿಂದ ಎಡಕ್ಕೊಂದು, ಬಲಕ್ಕೊಂದು ಡ್ರೈವ್ ಶಾಫ್ಟ್ ಹೊರಟು ಮುಂಚಕ್ರಗಳನ್ನು ತಿರುಗಿಸುತ್ತವೆ. ಗ್ಯಾರೇಜಿನವರು ಇದನ್ನು ಆಕ್ಸಲ್ ಎನ್ನುತ್ತಾರೆ. ಶಾಫ್ಟ್ ಹೊರಬರಲು ತೂತು ಬೇಕು, ಆ ತೂತಿನಿಂದ ಎಣ್ಣೆ ಹೊರಬರಬಾರದು. ಅದಕ್ಕಾಗಿ ಎರಡೂ ಬದಿಗೆ ಒಂದೊಂದು ಸೀಲ್. ಎಂಜಿನ್ನಿನಿಂದ ಗೇರ್‌ಬಾಕ್ಸಿಗೆ ಬರುವ ಇನ್‌ಪುಟ್ ಶಾಫ್ಟಿಗೂ ಒಂದು ಸೀಲ್ ಇದೆ. ಅದು ಹೋದರೆ ಗೇರ್‌ಬಾಕ್ಸನ್ನೇ ಇಳಿಸಬೇಕಾಗುತ್ತದೆ, ಕ್ಲಚ್ ಪ್ಲೇಟಿಗೆ ಎಣ್ಣೆ ತಾಗಿ ಜಾರುವ ಅಪಾಯವೂ ಇದೆ. ಈ ಅಧ್ಯಾಯದಲ್ಲಿ ನಮ್ಮ ಗಮನವೆಲ್ಲ ಡ್ರೈವ್ ಶಾಫ್ಟಿನ ಸೀಲಿನ ಮೇಲೆ.

ಸೀಲ್ ಅಂದರೆ ಏನು? ಉಕ್ಕಿನ ತಗಡಿನ ಬಳೆ, ಅದರ ಒಳಮೈಗೆ ಅಂಟಿಸಿದ ರಬ್ಬರು, ಆ ರಬ್ಬರಿನ ಚೂಪಾದ ತುಟಿ, ತುಟಿಯ ಬೆನ್ನಿಗೆ ಸುತ್ತಿದ ಸಣ್ಣ ಸುರುಳಿ ಸ್ಪ್ರಿಂಗ್. ಬಳೆ ಹೌಸಿಂಗಿನಲ್ಲಿ ಬಿಗಿಯಾಗಿ ಕೂರುತ್ತದೆ, ತುಟಿ ತಿರುಗುವ ಶಾಫ್ಟನ್ನು ಮುಟ್ಟಿಕೊಂಡಿರುತ್ತದೆ. ಹೊರಗಡೆ ದೂಳು ತಡೆಯುವ ಇನ್ನೊಂದು ಪುಟ್ಟ ತುಟಿ ಇರುವುದೂ ಉಂಟು. ಸೀಲಿನ ಮೇಲೆ ಅಚ್ಚಾದ ಮೂರು ಅಂಕಿಗಳು ಕ್ರಮವಾಗಿ ಶಾಫ್ಟಿನ ವ್ಯಾಸ, ಹೌಸಿಂಗಿನ ವ್ಯಾಸ, ದಪ್ಪ, ಎಲ್ಲವೂ ಮಿಲಿಮೀಟರಿನಲ್ಲಿ.

ಬಹಳಷ್ಟು ಜನ ಎಡವುವುದು ಇದಾದ ಮೇಲೆ. ಸೀಲೆಂದರೆ ಪ್ರೆಷರ್ ಕುಕ್ಕರಿನ ಗ್ಯಾಸ್ಕೆಟ್ಟಿನ ಹಾಗೆ, ಎಷ್ಟು ಬಿಗಿಯಾಗಿ ಒತ್ತಿದರೆ ಅಷ್ಟು ಒಳ್ಳೆಯದು ಎಂದುಕೊಳ್ಳುತ್ತಾರೆ. ಸೋರಿಕೆ ಕಂಡಾಗ ಸ್ಪ್ರಿಂಗನ್ನು ಕತ್ತರಿಸಿ ಗಿಡ್ಡ ಮಾಡಿ ಬಿಗಿಗೊಳಿಸುವುದು, ಸುತ್ತ ಸಿಲಿಕಾನ್ ಮೆತ್ತುವುದು, ದಪ್ಪ ಎಣ್ಣೆ ಹಾಕುವುದು, ಎಲ್ಲವೂ ಈ ನಂಬಿಕೆಯ ಫಲ. ಕುಕ್ಕರಿನ ಗ್ಯಾಸ್ಕೆಟ್ಟಿನ ಮೇಲೆ ಏನೂ ತಿರುಗುವುದಿಲ್ಲ. ಇಲ್ಲಿ ತಿರುಗುತ್ತದೆ, ಅದೂ ಎಷ್ಟು! 145/70 ಆರ್ 12 ಅಳತೆಯ ಟೈರು ಒಂದು ಸುತ್ತಿಗೆ ಸುಮಾರು 1.6 ಮೀಟರ್ ಹೋಗುತ್ತದೆ. ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಶಾಫ್ಟ್ ನಿಮಿಷಕ್ಕೆ 625 ಸುತ್ತಿನ ಹತ್ತಿರ ಹಾಕುತ್ತದೆ. ತುಟಿ ಮುಟ್ಟುವ ಜಾಗದಲ್ಲಿ ಶಾಫ್ಟಿನ ವ್ಯಾಸ 35 ಮಿಲಿಮೀಟರ್ ಎಂದಿಟ್ಟುಕೊಳ್ಳಿ. ಗಾಡಿ ಒಂದು ಲಕ್ಷ ಕಿಲೋಮೀಟರ್ ಓಡುವಷ್ಟರಲ್ಲಿ ಆ ತುಟಿಯ ಕೆಳಗೆ ಉಕ್ಕು ಸುಮಾರು 6,900 ಕಿಲೋಮೀಟರ್ ಉಜ್ಜಿಕೊಂಡು ಹೋಗಿರುತ್ತದೆ. ಒಣ ರಬ್ಬರು ಒಣ ಉಕ್ಕಿನ ಮೇಲೆ ಅಷ್ಟು ದೂರವಿರಲಿ, ಬೆಂಗಳೂರಿನಿಂದ ಮೈಸೂರಿನವರೆಗೂ ಬಾಳಲಾರದು. ಸುಟ್ಟು ಹೋಗುತ್ತದೆ.

ಹಾಗಾದರೆ ತುಟಿಯ ಕೆಳಗೆ ಎಣ್ಣೆ ಇರಲೇಬೇಕು. ಇದೆ. 1957ರಲ್ಲಿ ಬ್ರಿಟನ್ನಿನ ಇ.ಟಿ. ಜಾಗರ್ ಪ್ರಕಟಿಸಿದ ಅಧ್ಯಯನ ಇದನ್ನು ಸ್ಪಷ್ಟಪಡಿಸಿತು: ಚೆನ್ನಾಗಿ ಕೆಲಸ ಮಾಡುತ್ತಿರುವ ಸೀಲಿನ ತುಟಿಗೂ ಶಾಫ್ಟಿಗೂ ನಡುವೆ ತೆಳ್ಳನೆಯ ಎಣ್ಣೆ ಪೊರೆಯಿದೆ. ಅದರ ದಪ್ಪ ಮಿಲಿಮೀಟರಿನ ಸಾವಿರದಲ್ಲೊಂದು ಭಾಗದ ಆಸುಪಾಸು. ಪೊರೆಯಿದ್ದರೆ ತುಟಿ ಬಾಳುತ್ತದೆ ಅನ್ನೋಣ. ಆದರೆ ಪೊರೆ ಇದ್ದ ಮೇಲೆ ಎಣ್ಣೆ ಆಚೆಗೆ ಜಾರದೆ ನಿಲ್ಲುವುದು ಹೇಗೆ? ಎಷ್ಟು ಸಲ ವಿವರಿಸಿದರೂ ನನಗೆ ಈ ಪ್ರಶ್ನೆಯ ರುಚಿ ಕಡಿಮೆಯಾಗಿಲ್ಲ.

ಉತ್ತರ ತುಟಿಯ ಆಕಾರದಲ್ಲಿದೆ. ಹೊಸ ಸೀಲನ್ನು ಬೆಳಕಿಗೆ ಹಿಡಿದು ನೋಡಿ. ತುಟಿಯ ಎರಡು ಇಳಿಜಾರುಗಳೂ ಒಂದೇ ಸಮ ಇಲ್ಲ. ಎಣ್ಣೆಯ ಕಡೆಯದು ಕಡಿದಾಗಿದೆ, ಸುಮಾರು 45 ಡಿಗ್ರಿ. ಗಾಳಿಯ ಕಡೆಯದು ಓರೆಯಾಗಿ ಮಲಗಿದೆ, ಸುಮಾರು 25 ಡಿಗ್ರಿ. ಸ್ಪ್ರಿಂಗ್ ಕೂಡ ತುಟಿಯ ಅಂಚಿಗೆ ನೇರವಾಗಿ ಮೇಲಿಲ್ಲ, ಕೂದಲೆಳೆಯಷ್ಟು ಗಾಳಿಯ ಕಡೆಗೆ ಸರಿದಿದೆ. ಇದರಿಂದಾಗಿ ತುಟಿ ಶಾಫ್ಟನ್ನು ಒತ್ತುವ ಒತ್ತಡ ಎಣ್ಣೆಯ ಅಂಚಿನ ಹತ್ತಿರ ತಟ್ಟನೆ ಶಿಖರಕ್ಕೇರಿ, ಗಾಳಿಯ ಕಡೆಗೆ ನಿಧಾನವಾಗಿ ಇಳಿಯುತ್ತದೆ.

ಇನ್ನು ರಬ್ಬರಿನ ಮೈ. ಕಣ್ಣಿಗೆ ನುಣುಪಾಗಿ ಕಂಡರೂ ಸೂಕ್ಷ್ಮದರ್ಶಕದಲ್ಲಿ ಅದು ಉಬ್ಬುತಗ್ಗುಗಳ ಬಯಲು. ಶಾಫ್ಟ್ ತಿರುಗುವಾಗ ಈ ಪುಟ್ಟ ಉಬ್ಬುಗಳನ್ನು ತನ್ನ ಜೊತೆ ಎಳೆಯುತ್ತದೆ. ಒತ್ತಡ ಹೆಚ್ಚಿರುವಲ್ಲಿ ಹೆಚ್ಚು ಎಳೆತ, ಕಡಿಮೆಯಿರುವಲ್ಲಿ ಕಡಿಮೆ. ಹೀಗಾಗಿ ನೆಟ್ಟಗಿದ್ದ ಉಬ್ಬಿನ ಸಾಲುಗಳು ಬಾಗಿ ಓರೆಯಾಗುತ್ತವೆ. ಆ ಓರೆ ಸಾಲುಗಳು ತಮಗೆ ತಾಗುವ ಎಣ್ಣೆಯನ್ನು ಒತ್ತಡದ ಶಿಖರದ ಕಡೆಗೆ ತಳ್ಳುತ್ತವೆ. ಶಿಖರ ಎಣ್ಣೆಯ ಅಂಚಿಗೆ ಹತ್ತಿರವಿರುವುದರಿಂದ ಗಾಳಿಯ ಕಡೆಯ ಓರೆ ಸಾಲುಗಳು ಉದ್ದ, ಎಣ್ಣೆಯ ಕಡೆಯವು ಗಿಡ್ಡ. ಉದ್ದದ ಸಾಲು ಗೆಲ್ಲುತ್ತದೆ. ಒಟ್ಟಾರೆ ಎಣ್ಣೆ ಗಾಳಿಯ ಕಡೆಯಿಂದ ಗೇರ್‌ಬಾಕ್ಸಿನೊಳಕ್ಕೇ ಹೋಗುತ್ತದೆ. ಆಯಿಲ್ ಸೀಲ್ ಎಣ್ಣೆಯನ್ನು ಅಡ್ಡಗಟ್ಟುವ ಗೋಡೆಯಲ್ಲ, ಹೊರಬರಲು ಹವಣಿಸುವ ಎಣ್ಣೆಯನ್ನು ಎಡೆಬಿಡದೆ ಒಳಕ್ಕೆ ಹಾಕುವ ಪಂಪು. ಯಾರೂ ಆ ಪಂಪನ್ನು ಕೊರೆದು ಮಾಡಿಲ್ಲ. ತುಟಿಯ ಕೋನ, ರಬ್ಬರಿನ ಒರಟುತನ, ಶಾಫ್ಟಿನ ಸುತ್ತಾಟ ಸೇರಿದಾಗ ಅದು ತಾನಾಗಿ ಹುಟ್ಟುತ್ತದೆ.

ಇದು ಗೊತ್ತಾದರೆ ಸೀಲ್ ಹಾಕುವ ನಿಯಮಗಳೆಲ್ಲ ಬಾಯಿಪಾಠ ಮಾಡದೆಯೇ ನೆನಪಿರುತ್ತವೆ. ಸ್ಪ್ರಿಂಗ್ ಕಾಣುವ ಮುಖ ಎಣ್ಣೆಯ ಕಡೆಗೇ ಯಾಕೆ? ತಿರುಗಿಸಿ ಹಾಕಿದರೆ ಪಂಪು ಎಣ್ಣೆಯನ್ನು ಹೊರಕ್ಕೆ ಹಾಕುತ್ತದೆ. ಶಾಫ್ಟನ್ನು ಉದ್ದಕ್ಕೆ ಎಮೆರಿ ಪೇಪರಿನಿಂದ ಉಜ್ಜಬಾರದು ಯಾಕೆ? ಶಾಫ್ಟಿನ ಒರಟುತನ 0.2ರಿಂದ 0.8 ಮೈಕ್ರೋಮೀಟರ್ ನಡುವೆ ಇರಬೇಕು, ಅದರ ಗೆರೆಗಳು ಸುತ್ತಲೂ ನೇರವಾಗಿರಬೇಕು. ಸ್ಕ್ರೂವಿನ ಸುರುಳಿಯ ಹಾಗೆ ಓರೆ ಗೆರೆ ಬಿದ್ದರೆ ಶಾಫ್ಟೇ ಇನ್ನೊಂದು ಪಂಪಾಗಿ, ತಿರುಗುವ ದಿಕ್ಕು ಹೊಂದಿಬಂದಾಗ ಎಣ್ಣೆಯನ್ನು ಹೊರಗೆಳೆಯುತ್ತದೆ. ಕೆಲವು ಸೀಲುಗಳ ಗಾಳಿ ಕಡೆಯ ಇಳಿಜಾರಿನಲ್ಲಿ ಪುಟ್ಟ ಓರೆ ಏಣುಗಳಿದ್ದು, ಮುಖದ ಮೇಲೆ ಬಾಣದ ಗುರುತಿರುತ್ತದೆ. ಪಂಪಿಗೆ ಬಲ ಕೊಡುವ ಏಣುಗಳವು. ಗಾಡಿ ಮುಂದೆ ಹೋಗುವಾಗ ಹೊರಗಿನಿಂದ ನೋಡಿದರೆ ಬಲಚಕ್ರ ಗಡಿಯಾರದ ಮುಳ್ಳಿನ ದಿಕ್ಕಿಗೆ, ಎಡಚಕ್ರ ಅದರ ವಿರುದ್ಧಕ್ಕೆ ತಿರುಗುತ್ತದೆ. ಹಾಗಾಗಿ ಬಾಣವಿರುವ ಸೀಲು ಬಲಕ್ಕೆ ಬೇರೆ, ಎಡಕ್ಕೆ ಬೇರೆ. ಅಳತೆ ಒಂದೇ ಎಂದು ಅದಲುಬದಲು ಮಾಡುವಂತಿಲ್ಲ. ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಿ ಬಿಡಿಭಾಗ ಕೊಳ್ಳುವಾಗ ಅಳತೆಯ ಜೊತೆಗೆ ಯಾವ ಬದಿ, ಯಾವ ವರ್ಷದ ಗಾಡಿ ಎಂದೂ ಹೇಳಿ. ಹಳೇ ಸೀಲು ಕೈಯಲ್ಲಿದ್ದರೆ ಇನ್ನೂ ಒಳ್ಳೆಯದು.

ಸೀಲ್ ಹಾಳಾಗುವುದು ಯಾಕೆ? ಮುಖ್ಯ ಕಾರಣ ಬಿಸಿ. ಇಂಥ ಸೀಲುಗಳಲ್ಲಿ ಸಾಮಾನ್ಯವಾಗಿ ಬಳಸುವ ನೈಟ್ರೈಲ್ ರಬ್ಬರು ಸತತವಾಗಿ ತಾಳುವುದು ಸುಮಾರು 100 ಡಿಗ್ರಿ ಸೆಲ್ಸಿಯಸ್. ಉಜ್ಜಾಟದಿಂದ ತುಟಿಯ ಅಂಚು ಗೇರ್ ಆಯಿಲ್ಲಿಗಿಂತ ಹೆಚ್ಚೇ ಬಿಸಿಯಾಗಿರುತ್ತದೆ. ಆಯಿಲ್ಲಿಗೆ ಸೇರಿಸಿದ ಗಂಧಕದ ರಾಸಾಯನಿಕಗಳೂ ಬಿಸಿಯಲ್ಲಿ ರಬ್ಬರನ್ನು ಗಟ್ಟಿ ಮಾಡುತ್ತವೆ. ಗಟ್ಟಿಯಾದ ತುಟಿ ಶಾಫ್ಟಿನ ಸಣ್ಣ ತೊನೆದಾಟವನ್ನು ಹಿಂಬಾಲಿಸಲಾರದು. ತಿಂಗಳುಗಟ್ಟಲೆ ನಿಲ್ಲಿಸಿಟ್ಟ ಗಾಡಿಯಲ್ಲಿ ತುಟಿ ಒಣಗುವುದೂ ಉಂಟು. ಮಿತವಾಗಿ ಓಡಿಸಿದ ಹಳೇ ಗಾಡಿಯ ಸೀಲು ಚೆನ್ನಾಗಿಯೇ ಇರುತ್ತದೆ ಎಂದು ನಂಬಬೇಡಿ.

ಸೀಲಿನದೇನೂ ತಪ್ಪಿಲ್ಲದೆಯೂ ಸೋರುವ ಸಂದರ್ಭ ಇನ್ನೊಂದಿದೆ, ಇದನ್ನು ಪರೀಕ್ಷಿಸುವವರು ಕಡಿಮೆ. ಗೇರ್‌ಬಾಕ್ಸಿನ ಮೇಲ್ಭಾಗದಲ್ಲಿ ಗಾಳಿಯಾಡಲು ಬ್ರೀದರ್ ಎಂಬ ಕಿರುದಾರಿ ಇರುತ್ತದೆ. ಅದು ಕೆಸರು, ಜಿಡ್ಡಿನಿಂದ ಮುಚ್ಚಿದರೆ ಒಳಗಿನ ಗಾಳಿ ಬಿಸಿಯಾಗಿ ಹಿಗ್ಗಲು ಜಾಗವಿಲ್ಲ. 30 ಡಿಗ್ರಿಯಿಂದ 90ಕ್ಕೆ ಏರಿದಾಗ ಆ ಗಾಳಿಯ ಒತ್ತಡ ಐದರಲ್ಲೊಂದು ಪಾಲು ಹೆಚ್ಚುತ್ತದೆ. ಈ ಸೀಲುಗಳನ್ನು ಮಾಡಿರುವುದು ಒಳಗೂ ಹೊರಗೂ ಒತ್ತಡ ಬಹುಮಟ್ಟಿಗೆ ಸಮ ಇರುವ ಜಾಗಕ್ಕೆ. ಬ್ರೀದರ್ ಶುಚಿ ಮಾಡದೆ ಸೀಲ್ ಮಾತ್ರ ಬದಲಿಸಿದರೆ ಹೊಸದೂ ಸೋರುತ್ತದೆ, ಆಮೇಲೆ ಬೈಗುಳ ಸೀಲ್ ಮಾಡಿದವರಿಗೆ.

ಕಳಚುವ ಮೊದಲು ಸೋರಿಕೆಯ ಜಾಗ ಖಚಿತವಾಗಲಿ. ಓಡುವ ಗಾಡಿಯ ಗಾಳಿ ಎಣ್ಣೆಯನ್ನು ಹಿಂದಕ್ಕೆ ಹರಡುತ್ತದೆ, ಹಾಗಾಗಿ ಒದ್ದೆಯಾದ ಜಾಗವೆಲ್ಲ ಸೋರುವ ಜಾಗವಲ್ಲ. ಚೆನ್ನಾಗಿ ತೊಳೆದು, ಒರೆಸಿ, ಒಣಗಿದ ಮೇಲೆ ಟಾಲ್ಕಂ ಪೌಡರ್ ಉದುರಿಸಿ ಸ್ವಲ್ಪ ದೂರ ಓಡಿಸಿ ನೋಡಿ. ಗೇರ್ ಆಯಿಲ್ಲಿಗೆ ಗಂಧಕದ ಕಮಟು ಇದೆ, ಎಂಜಿನ್ ಆಯಿಲ್ಲಿಗೆ ಆ ವಾಸನೆ ಇಲ್ಲ. ಕಪ್ಪು ಗ್ರೀಸು ಸುತ್ತಲೂ ಸಿಡಿದಿದ್ದರೆ ಅದು ಆಕ್ಸಲ್ಲಿನ ಜಾಯಿಂಟ್ ಮುಚ್ಚುವ ರಬ್ಬರ್ ಬೂಟ್ ಹರಿದದ್ದು, ಸೀಲಿನ ಕತೆಯಲ್ಲ. ಎಂಜಿನ್ನೂ ಗೇರ್‌ಬಾಕ್ಸೂ ಸೇರುವ ಕಡೆ ತೊಟ್ಟಿಕ್ಕಿದರೆ ಇನ್‌ಪುಟ್ ಸೀಲ್ ಇಲ್ಲವೇ ಎಂಜಿನ್ನಿನ ಹಿಂಬದಿಯ ಸೀಲ್. ಸೋರಿಕೆ ಸಣ್ಣದೆಂದು ಮುಂದೂಡಬೇಡಿ. ಎಂಜಿನ್ ಆಯಿಲ್ ಒತ್ತಡ ಕುಸಿದರೆ ಎಚ್ಚರಿಸಲು ಕೆಂಪು ದೀಪವಿದೆ. ಗೇರ್‌ಬಾಕ್ಸಿಗೆ ಅಂಥದ್ದಿಲ್ಲ, ಬೇರಿಂಗ್ ಗೋಳಾಡಿದಾಗಲೇ ಗೊತ್ತಾಗುವುದು.

ಕೆಲಸದ ಕ್ರಮ ಕಷ್ಟದ್ದಲ್ಲ. ಗಾಡಿ ನೆಲದ ಮೇಲಿರುವಾಗಲೇ ಹಬ್ಬಿನ ದೊಡ್ಡ ನಟ್ಟು ಸಡಿಲಿಸಿ. ಮೇಲೆತ್ತಿದ ಮೇಲೆ ಗಟ್ಟಿ ಸ್ಟ್ಯಾಂಡಿನ ಮೇಲೆ ನಿಲ್ಲಿಸಿ. ಬರೀ ಜಾಕಿಯನ್ನು ನಂಬಿ ಗಾಡಿಯ ಕೆಳಗೆ ಯಾವ ಕಾರಣಕ್ಕೂ ನುಗ್ಗಬೇಡಿ. ಗೇರ್ ಆಯಿಲ್ ತುಂಬುವ ಬೋಲ್ಟು ಬಿಚ್ಚಿಕೊಳ್ಳುತ್ತದೆಯೇ ಎಂದು ಮೊದಲು ನೋಡಿಕೊಂಡು, ಆಮೇಲೆ ಕೆಳಗಿನದನ್ನು ತೆಗೆದು ಎಣ್ಣೆ ಬಸಿಯಿರಿ. ಎಣ್ಣೆಯೆಲ್ಲ ಬಸಿದ ಮೇಲೆ ತುಂಬುವ ಬೋಲ್ಟು ಜಗ್ಗದೆ ಗಾಡಿ ನಿಂತಲ್ಲೇ ನಿಲ್ಲುವುದನ್ನು ಗ್ಯಾರೇಜಿನವರೆಲ್ಲ ಬಲ್ಲರು. ಕೆಳಗಿನ ಬಾಲ್ ಜಾಯಿಂಟ್ ಬಿಡಿಸಿ ಹಬ್ಬನ್ನು ಹೊರಕ್ಕೆ ಸರಿಸಿದರೆ ಶಾಫ್ಟಿಗೆ ಜಾಗವಾಗುತ್ತದೆ. ಶಾಫ್ಟಿನ ಒಳತುದಿಯನ್ನು ಡಿಫರೆನ್ಷಿಯಲ್ಲಿನಲ್ಲಿ ಹಿಡಿದಿರುವುದು ಒಂದು ಸಣ್ಣ ಸ್ನ್ಯಾಪ್ ರಿಂಗ್. ಶಾಫ್ಟಿನ ಒಳತುದಿಯ ಜಾಯಿಂಟಿನ ಬುಡಕ್ಕೆ ಟಾಮಿ ಕೊಟ್ಟು ಒಮ್ಮೆ ಜಗ್ಗಿದರೆ ಬಿಡುತ್ತದೆ. ಶಾಫ್ಟನ್ನು ಹಿಡಿದು ಎಳೆದರೆ ಮಾತ್ರ ಜಾಯಿಂಟೇ ಒಳಗೊಳಗೆ ಬಿಚ್ಚಿಕೊಳ್ಳಬಹುದು.

ಹಳೇ ಸೀಲನ್ನು ಎಬ್ಬುವಾಗ ಹೌಸಿಂಗಿನ ಅಲ್ಯೂಮಿನಿಯಮ್ಮಿಗೆ ಗೀರು ಬೀಳದಿರಲಿ. ಬಿದ್ದರೆ ಸೀಲಿನ ಹೊರಗಿನಿಂದಲೇ ಎಣ್ಣೆ ದಾರಿ ಮಾಡಿಕೊಳ್ಳುತ್ತದೆ. ಈಗ ಕೈಗೆ ಬಂದ ಶಾಫ್ಟಿನ ಮೇಲೆ ತುಟಿ ಕೂರುವ ಜಾಗವನ್ನು ಉಗುರಿನಿಂದ ಸವರಿ. ದೂಳು ಸೇರಿದ ಮೆತ್ತನೆಯ ರಬ್ಬರು ವರ್ಷಗಳಲ್ಲಿ ಉಕ್ಕಿನಲ್ಲೂ ಕಾಲುವೆ ತೋಡುತ್ತದೆ. ಉಗುರಿಗೆ ಸಿಗುವ ಕಾಲುವೆಯಿದ್ದರೆ ಹೊಸ ಸೀಲ್ ಹಾಕಿ ಫಲವಿಲ್ಲ. ಹೌಸಿಂಗಿನಲ್ಲಿ ಜಾಗವಿದ್ದರೆ ತುಟಿ ಹೊಸ ಮೈಮೇಲೆ ಕೂರುವಂತೆ ಸೀಲನ್ನು ತುಸು ಹಿಂದೆ ಮುಂದೆ ಕೂರಿಸಬಹುದು, ಇಲ್ಲವೇ ಆ ಜಾಗಕ್ಕೆ ತೆಳು ಸ್ಟೇನ್‌ಲೆಸ್ ಸ್ಲೀವ್ ಏರಿಸಬಹುದು. ಶಾಫ್ಟನ್ನು ಒಳಗಿಟ್ಟು ಮೇಲೆ ಕೆಳಗೆ ಅಲುಗಿಸಿದಾಗ ಎದ್ದು ಕಾಣುವಷ್ಟು ಆಟವಿದ್ದರೆ ಸವೆದಿರುವುದು ಒಳಗಿನ ಆಸರೆ, ಅದನ್ನು ಯಾವ ಸೀಲೂ ಮುಚ್ಚಿಹಾಕಲಾರದು.

ಹೊಸ ಸೀಲಿನ ತುಟಿಗೆ ಗೇರ್ ಆಯಿಲ್ ಸವರಿ. ಮೊದಲ ಕೆಲವು ಸುತ್ತು ಒಣಗಿ ತಿರುಗಿದರೂ ತುಟಿ ಸುಡುತ್ತದೆ. ಸೀಲಿನ ಹೊರ ಅಂಚಿಗೆ ಹೊಂದುವ ಪೈಪಿನ ತುಂಡನ್ನೋ ದೊಡ್ಡ ಸಾಕೆಟ್ಟನ್ನೋ ಇಟ್ಟು, ಓರೆಯಾಗದಂತೆ ಸಮವಾಗಿ ತಟ್ಟಿ ಕೂರಿಸಿ. ಶಾಫ್ಟಿನ ತುದಿಯ ಹಲ್ಲುಗಳು ತುಟಿಯನ್ನು ಸೀಳುವ ಅಪಾಯವಿದೆ, ಅದಕ್ಕೆ ಶಾಫ್ಟಿನ ಭಾರವನ್ನು ಒಬ್ಬರು ಎತ್ತಿ ಹಿಡಿದಿರಲಿ. ಹೊಸ ಸ್ನ್ಯಾಪ್ ರಿಂಗ್ ಹಾಕಿ, ಕ್ಲಿಕ್ ಎಂದು ಕೂರುವವರೆಗೆ ತಳ್ಳಿ. ಆಯಿಲ್ಲನ್ನು ಗಾಡಿಯ ಮ್ಯಾನುಯಲ್ಲಿನಲ್ಲಿ ಹೇಳಿದ್ದನ್ನೇ, ಗಾಡಿ ಸಮತಟ್ಟಾಗಿ ನಿಂತಿರುವಾಗ, ತುಂಬುವ ತೂತಿನ ಅಂಚಿನವರೆಗೆ ಹಾಕಿ. ಹೆಚ್ಚಿನ ದರ್ಜೆಯದಿರಲಿ ಎಂದು ಜಿಎಲ್-4 ಬದಲು ಜಿಎಲ್-5 ಸುರಿದರೆ ಅದರ ಕೆಲವು ಬಗೆಗಳು ಒಳಗಿನ ಹಿತ್ತಾಳೆಯ ಭಾಗಗಳನ್ನು ತಿನ್ನುತ್ತವೆ. ಮೊದಲ ಕೆಲವು ಗಂಟೆ ತುಸು ತೇವ ಕಂಡರೆ ಗಾಬರಿ ಬೇಡ. ತುಟಿ ಇನ್ನೂ ಶಾಫ್ಟಿಗೆ ಒಗ್ಗುತ್ತಿರುತ್ತದೆ.

ತೆಗೆದ ಸೀಲನ್ನು ಎಸೆಯಬೇಡಿ. ಗರಗಸದಿಂದ ಕತ್ತರಿಸಿ ತುಟಿಯನ್ನು ಹತ್ತು ಪಟ್ಟು ಹಿಗ್ಗಿಸುವ ಮಸೂರದಲ್ಲಿ ನೋಡಿ. ಶಾಫ್ಟ್ ತಾಗಿದ ಪಟ್ಟಿ ಸುತ್ತಲೂ ಒಂದೇ ಅಗಲವಿದ್ದರೆ ಅದು ವಯಸ್ಸಿನ ಸವೆತ, ಒಂದು ಬದಿಗೆ ಅಗಲವಿದ್ದರೆ ಶಾಫ್ಟ್ ನಡುವಿಗಿಲ್ಲ. ಅಡ್ಡ ಬಿರುಕುಗಳಿದ್ದರೆ ಬಿಸಿಯ ಗುರುತು. ಹೀಗೆ ಉಜ್ಜಾಟ, ಸವೆತ, ಎಣ್ಣೆಯ ನಂಟನ್ನು ಓದುವ ಶಾಸ್ತ್ರ ಟ್ರೈಬಾಲಜಿ. 1966ರಲ್ಲಿ ಬ್ರಿಟನ್ನಿನ ಪೀಟರ್ ಜೋಸ್ಟ್ ಸಲ್ಲಿಸಿದ ವರದಿಯಿಂದ ಅದಕ್ಕೆ ಹೆಸರೂ ಸ್ಥಾನವೂ ಸಿಕ್ಕವು. ನಮ್ಮ ಐಟಿಐ, ಡಿಪ್ಲೊಮಾ ಹುಡುಗ ಹುಡುಗಿಯರು ಇದನ್ನು ಕೈಗೆತ್ತಿಕೊಳ್ಳಬೇಕೆಂಬುದು ನನ್ನ ಆಸೆ. ಬೇಕಾದದ್ದು ಒಂದು ಲೇತ್, ಒಂದು ನುಣುಪಾದ ಶಾಫ್ಟ್, ಅಕ್ರಿಲಿಕ್ ಹಾಳೆಯಲ್ಲಿ ಕೂರಿಸಿದ ಸೀಲ್. ತುಟಿಗೆ ಎಣ್ಣೆ ಹಚ್ಚಿ, ಕಡಿಮೆ ವೇಗದಲ್ಲಿ ತಿರುಗಿಸುತ್ತ, ಗಾಳಿಯ ಕಡೆಯಲ್ಲಿ ಬಣ್ಣ ಬೆರೆಸಿದ ಎಣ್ಣೆಯ ಎರಡು ಹನಿ ಬಿಡಿ. ಅದು ತುಟಿಯ ಕೆಳಗೆ ಒಳಕ್ಕೆ ಹೋಗಲು ಎಷ್ಟು ಹೊತ್ತು ಹಿಡಿಯಿತೆಂದು ಬರೆದುಕೊಳ್ಳಿ. ಆಮೇಲೆ ವೇಗ, ಎಣ್ಣೆಯ ದಪ್ಪ, ಶಾಫ್ಟಿನ ಮೈ, ಸೀಲಿನ ಮುಖ, ಒಂದು ಸಲಕ್ಕೆ ಒಂದನ್ನೇ ಬದಲಿಸಿ ಮತ್ತೆ ಅಳೆಯಿರಿ. ಹಳೇ ಸೀಲಿನಲ್ಲೂ ಇದನ್ನೇ ಮಾಡಿ, ಹೊಸದರ ಲೆಕ್ಕದ ಪಕ್ಕದಲ್ಲಿ ಅದರ ಲೆಕ್ಕ ಬರೆಯಿರಿ.